ಅರ್ಧ ಸ್ವರ ಕೆಳಗೆ

ಶಾಲಾ ಮಕ್ಕಳ ಸಮವಸ್ತ್ರ ಹೊಲಿಯುವ ಆ ಕಾರ್ಖಾನೆಯಲ್ಲಿ ಹೊಲಿಗೆ ಮಷೀನುಗಳು ಮೂವತ್ತೊಂದು, ಕಾಜಾ ಮಷೀನು ಮಾತ್ರ ಒಂದೇ. ಅಂಗಿಯ ಗುಂಡಿ ತೂರುವ ಕಿಂಡಿಗೆ ಕಾಜಾ ಅನ್ನುವುದು. ಇಪ್ಪತ್ತೆರಡು ವರ್ಷದಿಂದ ಅದನ್ನೇ ಹೊಲಿಯುತ್ತ ಬಂದವಳನ್ನು ಮೇಲ್ವಿಚಾರಕನಿಂದ ಹಿಡಿದು ಕಸ ಗುಡಿಸುವವಳ ತನಕ ಎಲ್ಲರೂ ಕಾಜಾ ಅಕ್ಕ ಎಂದೇ ಕರೆಯುತ್ತಿದ್ದರು. ಮಷೀನು ಮೊದಲು ಸುತ್ತ ಹೊಲಿಗೆ ಹಾಕುತ್ತದೆ, ಆಮೇಲೆ ಅದರ ಪುಟ್ಟ ಅಲಗು ಬಿದ್ದು ನಡುವೆ ಕೊಯ್ಯುತ್ತದೆ. ಬಟ್ಟೆ ಒಂದು ದಾರದೆಳೆಯಷ್ಟು ಸರಿದಿದ್ದರೂ ಹೊಲಿಗೆಯೇ ಕೊಯ್ದು ಹೋಗಿ ಅಂಗಿ ಕೆಡುತ್ತದೆ. ಇಪ್ಪತ್ತೆರಡು ವರ್ಷದಲ್ಲಿ ಅವಳು ಕೆಡಿಸಿದ ಅಂಗಿಗಳನ್ನು ಬೆರಳಲ್ಲಿ ಎಣಿಸಬಹುದಿತ್ತು. ಇಂಥವಳಿಗೆ ಕಿವಿ ಸರಿಯಿಲ್ಲ ಎಂದು ಜನ ಹೇಳುತ್ತಿದ್ದರಲ್ಲ, ಅದು ಅವಳಿಗೆ ನಾಲ್ಕು ದಶಕದಿಂದ ಉರಿಯುತ್ತಿದ್ದ ಗಾಯ.

ಕೆಲಸದ ಹೊತ್ತಿನಲ್ಲಿ ಅವಳು ಹಾಡುತ್ತಿದ್ದಳು. ಮೂವತ್ತೆರಡು ಮಷೀನುಗಳ ಗದ್ದಲದಲ್ಲಿ ಯಾರಿಗೆ ಎಷ್ಟು ಕೇಳಿಸೀತು? ಅದೇ ಅವಳಿಗೆ ಧೈರ್ಯ. ಹಾಡುತ್ತಿದ್ದದ್ದು ಬೇರೇನೂ ಅಲ್ಲ, ಒಂದು ತಮಿಳು ಪ್ರೇಮಕಥೆಯ ಸಿನಿಮಾದ ಎಂಟು ಹಾಡು, ಕ್ಯಾಸೆಟ್ಟಿನಲ್ಲಿದ್ದ ಕ್ರಮದಲ್ಲೇ, ಒಂದಾದ ಮೇಲೆ ಒಂದು. ಅವಳ ಪಕ್ಕದಲ್ಲಿ ಗುಂಡಿ ಹಚ್ಚುವವರು ಗಡಿಯಾರ ನೋಡುತ್ತಲೇ ಇರಲಿಲ್ಲ. ನಾಲ್ಕನೇ ಸುತ್ತಿನ ಆರನೇ ಹಾಡು ಬಂತೆಂದರೆ ಊಟಕ್ಕೆ ಏಳುವ ಹೊತ್ತು.

ಅವಳಿಗೆ ತಮಿಳು ಬರುತ್ತಿರಲಿಲ್ಲ. ಹದಿಮೂರನೇ ವಯಸ್ಸಿನಲ್ಲಿ ಕ್ಯಾಸೆಟ್ಟನ್ನು ನಿಲ್ಲಿಸಿ ನಿಲ್ಲಿಸಿ, ಕಿವಿಗೆ ಬಿದ್ದಂತೆ ಒಂದು ನೋಟುಪುಸ್ತಕದಲ್ಲಿ ಬರೆದುಕೊಂಡಿದ್ದಳು. ಮುಂದೆ ಕಾರ್ಖಾನೆಗೆ ಸೇರಿದ ಮೇಲೆ, ಅಲ್ಲಿ ಅಂಗಿಗಳಿಗೆ ಇಸ್ತ್ರಿ ಹಾಕುವ, ತಮಿಳು ಮನೆಮಾತಿನ ಇಸ್ತ್ರಿ ಅತ್ತೆ ಅದನ್ನು ಓದಿಸಿ ಕೇಳಿ ಹೊಟ್ಟೆ ಹಿಡಿದುಕೊಂಡು ನಕ್ಕು, ಒಂದೊಂದೇ ಪದ ತಿದ್ದಿಕೊಟ್ಟಿದ್ದಳು. ಆ ಸಿನಿಮಾವನ್ನು ಮಾತ್ರ ಊರಲ್ಲಿ ಯಾರೂ ನೋಡಿರಲಿಲ್ಲ. ಅದು ಅಲ್ಲಿಯ ಟಾಕೀಸಿಗೆ ಬರಲೇ ಇಲ್ಲ, ಹಾಡುಗಳಷ್ಟೇ ಬಂದವು. ಹಾಗಾಗಿ ಕಥೆ ಏನಿರಬಹುದು ಅನ್ನುವುದಕ್ಕೆ ಮನೆಗೊಂದು ಲೆಕ್ಕಾಚಾರ ಇತ್ತು. ಹುಡುಗಿ ಕೊನೆಗೆ ಅವನನ್ನೇ ಮದುವೆಯಾಗುತ್ತಾಳೆ ಎಂದು ಕಾಜಾ ಅಕ್ಕನ ಪಕ್ಷ. ಇಲ್ಲದಿದ್ದರೆ ಎಂಟನೇ ಹಾಡು ಅಷ್ಟು ಚುರುಕಾಗಿ, ಅಷ್ಟು ಎಳೆಯ ದನಿಯಲ್ಲಿ ಯಾಕಿರುತ್ತಿತ್ತು?

ಊರಿಗೆ ಆ ಹಾಡುಗಳನ್ನು ಹಂಚಿದವನು ಅವಳ ಸೋದರಮಾವ. ಆಗ ಅವನಿಗೆ ಬಸ್ ನಿಲ್ದಾಣದ ಎದುರು ಕ್ಯಾಸೆಟ್ ತುಂಬಿಕೊಡುವ ಅಂಗಡಿ. ಗ್ರಾಮಫೋನ್ ರೆಕಾರ್ಡು ಅವನದು, ಖಾಲಿ ಕ್ಯಾಸೆಟ್ಟು ಗಿರಾಕಿಯದು. ಯಾವ ಹಾಡು ಬೇಕೆಂದು ಚೀಟಿ ಬರೆದುಕೊಟ್ಟು ಹೋದರೆ ಎರಡು ದಿನಕ್ಕೆ ಸಿದ್ಧ. ಅಂಥ ಅಂಗಡಿಗಳು ಊರಲ್ಲಿ ಆರಿದ್ದವು, ಆದರೆ ಮಾವನಿಗೆ ಒಂದು ಹಟ ಇತ್ತು. ಬೇರೆಯವರ ಕ್ಯಾಸೆಟ್ಟಿನಲ್ಲಿ ಟೇಪು ಮುಗಿದ ಕಡೆ ಹಾಡೂ ಮುಗಿಯುತ್ತಿತ್ತು. ನಾಯಕಿ ಬಾಯಿ ತೆರೆದಿರುವಾಗಲೇ ಟಕ್ ಎಂದು ನಿಂತುಬಿಡುವುದು. ಮಾವ ಅದನ್ನು ಹಾಡಿನ ಕುತ್ತಿಗೆ ಕೊಯ್ಯುವ ಕೆಲಸ ಎನ್ನುತ್ತಿದ್ದ. ಅವನ ಕ್ಯಾಸೆಟ್ಟಿನಲ್ಲಿ ಹಾಡು ಒಮ್ಮೆಯೂ ತುಂಡಾಗಿದ್ದಿಲ್ಲ. ಟೇಪಿನ ತುದಿ ಬರುವ ತನಕ ಕಿವಿಗೊಟ್ಟು ಕೂತಿದ್ದು, ಕೊನೆಯ ಸ್ವರ ಆರಿದ ಮೇಲೆ "ಪೂರ್ತಿ ಬಂತು" ಎಂದು ಹೇಳಿಯೇ ಗಿರಾಕಿಯ ಕೈಗೆ ಕೊಡುತ್ತಿದ್ದ. ಆ ಮಾತಿಗೆ ಊರಲ್ಲಿ ಬೆಲೆ ಇತ್ತು.

ಕಾಜಾ ಅಕ್ಕನ ಹಾಡು ತುಂಡಾದದ್ದು ಶಾಲೆಯಲ್ಲಿ. ಹದಿನೈದು ವರ್ಷದ ಹುಡುಗಿ, ವಾರ್ಷಿಕ ಸಮಾರಂಭ, ಎದುರಿಗೆ ಇಡೀ ಶಾಲೆ. ಅವಳು ಎಂಟನೇ ಹಾಡನ್ನು ಆರಿಸಿಕೊಂಡಿದ್ದಳು. ಆ ಹಾಡು ಶುರುವಾಗುವುದು ಯಾವ ವಾದ್ಯದ ಆಸರೆಯೂ ಇಲ್ಲದ ಒಂದು ಗುನುಗಿನಿಂದ. ಅವಳು ನಾಲ್ಕು ಸುತ್ತು ಗುನುಗಿದಳು, ಸಂಗೀತದ ಟೀಚರು ರೆಕಾರ್ಡಿನ ಶ್ರುತಿಗೆ ಹಾರ್ಮೋನಿಯಂ ಒತ್ತಿದರು. ಎರಡೂ ಕೂಡಲಿಲ್ಲ. ಅಕ್ಕಿಯಲ್ಲಿ ಕಲ್ಲು ಸಿಕ್ಕಿದ ಹಾಗೆ ಕೇಳಿದವರ ಹಲ್ಲು ಜುಮ್ಮೆಂದಿತು. ಅವಳು ಇಳಿಯಲಿಲ್ಲ, ಹಾರ್ಮೋನಿಯಂ ಏರಲಿಲ್ಲ. ಎರಡನೇ ಸಾಲಿಗೇ ಟೀಚರು ಕೈ ಎತ್ತಿ, "ಸಾಕು, ಕೂತ್ಕೋ. ನಿನ್ನ ಕಿವಿ ಸರಿಯಿಲ್ಲ" ಎಂದುಬಿಟ್ಟರು. ಶಾಲೆಗೆ ಶಾಲೆಯೇ ನಕ್ಕಿತು. ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದು ಅನ್ನುತ್ತಾರಲ್ಲ, ಹಾಗಾಯಿತು. ಅಂದಿನಿಂದ ಮಷೀನಿನ ಗದ್ದಲದ ಆಚೆ ಅವಳು ಯಾರೆದುರಿಗೂ ಒಂದು ಹಾಡನ್ನು ಕೊನೆಯ ತನಕ ಹಾಡಿದ್ದಿಲ್ಲ. ಮದುವೆಯಾಯಿತು, ಮಗಳು ಹುಟ್ಟಿದಳು, ಆ ಮಗಳಿಗೂ ತೊಟ್ಟಿಲ ಹಾಡು ಹಾಡಿದ್ದು ಬಾಗಿಲು ಮುಚ್ಚಿಕೊಂಡೇ.

ಅವಳಿಗೆ ಐವತ್ತನಾಲ್ಕು ತುಂಬಿದ ವರ್ಷ ಪಿಟೀಲು ಮೇಷ್ಟ್ರು ಒಂದು ಕಾರ್ಯಕ್ರಮ ಗೊತ್ತು ಮಾಡಿದರು. ಮೇಷ್ಟ್ರು ಆ ಊರಿನವರಲ್ಲ, ಐದು ವರ್ಷದ ಹಿಂದೆ ಬಂದು ನೆಲೆಸಿದವರು. ಹಗಲು ಮಕ್ಕಳಿಗೆ ಪಾಠ, ಸಂಜೆ ಊರಿನ ಹವ್ಯಾಸಿಗಳನ್ನು ಸೇರಿಸಿ ಕಟ್ಟಿದ ಹದಿನೇಳು ಜನರ ವಾದ್ಯಗೋಷ್ಠಿ. ಕೊಳಲಿನವನು ಅಂಚೆ ಕಚೇರಿಯಲ್ಲಿ ಗುಮಾಸ್ತ, ಡ್ರಮ್ಮಿನವನಿಗೆ ಟೈರ್ ಅಂಗಡಿ. ಆ ಸಲ ಅವರು ನುಡಿಸಬೇಕೆಂದಿದ್ದದ್ದು ಅದೇ ತಮಿಳು ಸಿನಿಮಾದ ಎಂಟು ಹಾಡು, ಒಂದೂ ಬಿಡದೆ. ಏಳಕ್ಕೆ ಹಾಡುವವರು ಸಿಕ್ಕಿದ್ದರು. ಎಂಟನೆಯದಕ್ಕೆ ಯಾರೂ ಮುಂದೆ ಬರಲಿಲ್ಲ. ವಾದ್ಯವಿಲ್ಲದ ಆ ಗುನುಗು ಎಂಥ ಗಾಯಕಿಯ ಕಾಲನ್ನೂ ನಡುಗಿಸುವಂಥದ್ದು.

ಈ ಸುದ್ದಿ ಕಾರ್ಖಾನೆಗೆ ಬಂದಾಗ ಕಾಜಾ ಅಕ್ಕ ಮಷೀನು ನಿಲ್ಲಿಸಿದಳು. ಸಂಜೆ ಮನೆಗೆ ಹೋಗುವ ಬದಲು ಸೀದಾ, ವಾದ್ಯಗೋಷ್ಠಿಯ ಅಭ್ಯಾಸ ನಡೆಯುತ್ತಿದ್ದ ಮೇಷ್ಟ್ರ ಮನೆಯ ಮಹಡಿ ಹತ್ತಿ, "ಎಂಟನೇ ಹಾಡು ನಾನು ಹಾಡ್ತೀನಿ ಮೇಷ್ಟ್ರೇ" ಎಂದಳು. ಹೇಳಿದ್ದು ತನ್ನದೇ ಬಾಯಿ ಎಂದು ನಂಬಲು ಅವಳಿಗೇ ಸ್ವಲ್ಪ ಹೊತ್ತು ಹಿಡಿಯಿತು.

ಮೇಷ್ಟ್ರು ಕೀಬೋರ್ಡಿನಲ್ಲಿ ಶ್ರುತಿ ಕೊಟ್ಟರು. ಅವಳು ಕಣ್ಣು ಮುಚ್ಚಿ ಗುನುಗಿದಳು. ನಾಲ್ಕನೇ ಸುತ್ತು ಮುಗಿದು ಕೊಳಲು ಬಂತು. ಮತ್ತದೇ ಅಕ್ಕಿಯೊಳಗಿನ ಕಲ್ಲು. "ಶ್ರುತಿ ಏರಿದೆ. ಇನ್ನೊಂದು ಸಲ" ಎಂದರು ಮೇಷ್ಟ್ರು. ಇನ್ನೊಂದು ಸಲವೂ ಹಾಗೇ. ಮೂರನೆಯದೂ ಹಾಗೇ. ನಾಲ್ಕನೆಯ ಸಲ ಅವರು ಹುಬ್ಬು ಗಂಟಿಕ್ಕಿ ಕೀಬೋರ್ಡಿನ ಒಂದೊಂದೇ ಮನೆ ಒತ್ತಿ ನೋಡಿದರು.

"ವಿಚಿತ್ರ ಕಣ್ರಮ್ಮ. ಶ್ರುತಿ ತಪ್ಪೋರು ಒಂದೊಂದ್ ಸಲ ಒಂದೊಂದ್ ಕಡೆ ತಪ್ತಾರೆ. ನೀವು ನಾಲ್ಕು ಸಲಾನೂ ಒಂದೇ ಜಾಗಕ್ಕೆ ಹೋಗಿ ಕೂತ್ರಿ. ಸರಿಯಾಗಿ ಅರ್ಧ ಸ್ವರ ಮೇಲೆ."

"ನನ್ನ ಕ್ಯಾಸೆಟ್ಟಲ್ಲಿ ಇರೋದೇ ಹಾಗೆ."

ಮೇಷ್ಟ್ರು ಫೋನಿನಲ್ಲಿ ಮೂಲ ಹಾಡು ಹಾಕಿದರು. ಅದನ್ನು ಅವಳು ಮಗಳ ಫೋನಿನಲ್ಲಿ ಮೊದಲೇ ಕೇಳಿದ್ದಳು, ಕೇಳಿ ತಳ್ಳಿಹಾಕಿದ್ದಳು. ಅವಳೊಬ್ಬಳೇ ಅಲ್ಲ, ಅವಳ ವಾರಗೆಯವರು ಊರಲ್ಲಿ ಎಲ್ಲರೂ ಅದನ್ನೇ ಹೇಳುತ್ತಿದ್ದರು: ಫೋನಿನಲ್ಲಿ ಬರುವುದು ಅಸಲಿ ಅಲ್ಲ, ಯಾರೋ ನಿದ್ದೆಗಣ್ಣಿನಲ್ಲಿ ಮತ್ತೆ ಹಾಡಿದ್ದು.

"ಇದು ನಿಧಾನ ಆಯ್ತು ಮೇಷ್ಟ್ರೇ. ಅಸಲಿ ಹೀಗಿಲ್ಲ" ಎಂದಳು.

"ಕುಣಿಯಲಾರದವಳು ನೆಲ ಡೊಂಕು ಅಂದಳಂತೆ" ಎಂದು ಡ್ರಮ್ಮಿನವನು ಹಿಂದಿನಿಂದ ಗೊಣಗಿದ. ಗೊಣಗಿದ್ದು ಅವಳಿಗೆ ಕೇಳಿಸಲಿ ಎಂದೇ.

ಮೇಷ್ಟ್ರು ನಗಲಿಲ್ಲ, ಆದರೆ ಬಗ್ಗಲೂ ಇಲ್ಲ. "ಹದಿನೇಳು ಜನಕ್ಕೂ ಸ್ವರ ಬರೆದು ಕೊಟ್ಟಾಗಿದೆ. ಕೊಳಲು ಆ ಶ್ರುತಿದು. ಒಬ್ಬರಿಗೋಸ್ಕರ ಹದಿನೇಳು ಜನ ಹತ್ತೋದು ಆಗಲ್ಲಮ್ಮ, ನೀವೇ ಇಳೀಬೇಕು. ಮೂರು ವಾರ ಟೈಮ್ ಕೊಡ್ತೀನಿ. ಆಗಲಿಲ್ಲ ಅಂದ್ರೆ ಆ ಹಾಡನ್ನ ಕೊಳಲಲ್ಲೇ ನುಡಿಸಿಬಿಡ್ತೀವಿ. ಬೇಜಾರು ಮಾಡ್ಕೋಬೇಡಿ."

ಅವಳು ಬೇಜಾರು ಮಾಡಿಕೊಳ್ಳಲಿಲ್ಲ, ಸಿಟ್ಟು ಮಾಡಿಕೊಂಡಳು. ಸಿಟ್ಟು ಬಂದರೆ ಅವಳು ಕೂಗಾಡುವ ಪೈಕಿ ಅಲ್ಲ, ನಡೆಯುವ ಪೈಕಿ. ದಾರಿಯುದ್ದಕ್ಕೂ ಒಂದೇ ಮಾತು ತಲೆಯಲ್ಲಿ ಗುಂಯ್ಗುಡುತ್ತಿತ್ತು: ನಾಲ್ಕು ಸಲವೂ ಒಂದೇ ಜಾಗ. ಕಿವಿ ಸರಿಯಿಲ್ಲದವಳು ಅದೆಷ್ಟು ಸರಿಯಾಗಿ ತಪ್ಪಿಯಾಳು? ಒಂದೇ ಗಾತ್ರದ ನಾಲ್ಕು ಕಾಜಾ ಕೊಯ್ದವಳ ಕೈ ನಡುಗುತ್ತದೆ ಎಂದರೆ ಯಾರು ನಂಬುತ್ತಾರೆ? ಹಾಗಾದರೆ ತಪ್ಪು ಕೈಯದಲ್ಲ, ಅಳತೆಪಟ್ಟಿಯದು. ಅಳತೆಪಟ್ಟಿ ಕೊಟ್ಟವನು ಮಾವ. ಅವಳ ಕಾಲು ತಾನಾಗಿ ಮಾವನ ಮನೆಯ ಕಡೆ ತಿರುಗಿತು.

ಮಾವನಿಗೆ ಆಗ ಎಪ್ಪತ್ತಾರು. ಅಂಗಡಿ ಮುಚ್ಚಿ ಯಾವ ಕಾಲವಾಯಿತೋ. ಆದರೆ ರೆಕಾರ್ಡುಗಳು, ಅವನ್ನು ತಿರುಗಿಸುವ ಯಂತ್ರ ಎಲ್ಲ ಅವನ ಮಲಗುವ ಕೋಣೆಯಲ್ಲಿ ಬಟ್ಟೆ ಹೊದ್ದು ಬೆಚ್ಚಗಿದ್ದವು. ಐವತ್ತನಾಲ್ಕರ ಸೋದರಸೊಸೆಯನ್ನು ಅವನು ಇನ್ನೂ ಪುಟ್ಟಿ ಎಂದೇ ಕರೆಯುತ್ತಿದ್ದ.

"ಮಾವ, ಆ ತಮಿಳು ರೆಕಾರ್ಡು ಹಾಕು" ಎಂದಳು ಪುಟ್ಟಿ, ಚಪ್ಪಲಿ ಬಿಡುವ ಮೊದಲೇ.

ಅವನು ಹಾಕಿದ. ಮೇಷ್ಟ್ರ ಫೋನಿನಲ್ಲಿ ಕೇಳಿದ್ದೇ ಇಲ್ಲೂ ಕೇಳಿಸಿತು, ಅದೇ ಇಳಿದ ದನಿ. ಅವಳು ಸದಾ ಜೊತೆಗಿಟ್ಟುಕೊಳ್ಳುತ್ತಿದ್ದ ಹಳೆಯ ಕ್ಯಾಸೆಟ್ಟನ್ನು ಚೀಲದಿಂದ ತೆಗೆದು ಅವನ ಟೇಪ್ ರೆಕಾರ್ಡರಿಗೆ ತುರುಕಿದಳು. ಅದರಲ್ಲಿ ಅವಳ ನಾಯಕಿ, ಅವಳ ಚುರುಕಿನ ಎಳೆ ಹುಡುಗಿ. ಎರಡನ್ನೂ ಒಂದಾದ ಮೇಲೆ ಒಂದರಂತೆ ಮೂರು ಸಲ ಹಾಕಿದಳು. ಮಾವ ಗೋಡೆಯ ಕಡೆ ಮುಖ ಮಾಡಿಕೊಂಡು ಕನ್ನಡಕ ಒರೆಸುತ್ತಿದ್ದ. ಒರೆಸುವಂಥ ಕೊಳೆ ಅದರಲ್ಲಿ ಇರಲಿಲ್ಲ.

"ಹಳೇ ಟೇಪು, ಎಳೆದುಕೊಂಡಿರುತ್ತೆ" ಎಂದ.

"ಎಳೆದುಕೊಂಡ್ರೆ ಇಳೀತದೆ ಮಾವ. ಇದು ಏರಿದೆ. ಏನ್ ಮಾಡಿದ್ದೆ ಹೇಳು."

ಹೇಳದೆ ವಿಧಿಯಿರಲಿಲ್ಲ. ರೆಕಾರ್ಡು ತಿರುಗಿಸುವ ಯಂತ್ರದ ಬಲಗಡೆ ಒಂದು ತಿರುಪು, ಅದರ ಸುತ್ತ ಸೊನ್ನೆಯಿಂದ ಮೇಲೆ ಎಂಟು ಗೆರೆ, ಕೆಳಗೆ ಎಂಟು ಗೆರೆ. ಕ್ಯಾಸೆಟ್ಟಿನ ಒಂದು ಮಗ್ಗುಲಿಗೆ ಮೂವತ್ತು ನಿಮಿಷ ಮತ್ತೆ ಚೂರು. ಆ ಎಂಟು ಹಾಡು ಮೂವತ್ತೆರಡು ನಿಮಿಷ. ಇನ್ನೊಂದು ಮಗ್ಗುಲಿಗೆ ಗಿರಾಕಿಗಳು ಬೇರೆ ಸಿನಿಮಾ ಕೇಳುತ್ತಿದ್ದರು, ಅದನ್ನು ಮುಟ್ಟುವಂತಿಲ್ಲ. ಎಂಟನೇ ಹಾಡಿನ ಕೊನೆ ಉಳಿಯುತ್ತಿರಲಿಲ್ಲ. ಮಾವ ತಿರುಪನ್ನು ಆರನೇ ಗೆರೆಗೆ ಏರಿಸಿ ರೆಕಾರ್ಡನ್ನು ಒಂದಿಷ್ಟು ಬೇಗ ಓಡಿಸಿದ. ಬೇಗ ಓಡಿದ ರೆಕಾರ್ಡು ಬೇಗ ಮುಗಿಯಿತು, ಜೊತೆಗೆ ದನಿಯೂ ಏರಿತು. ಎಂಟೂ ಹಾಡು ಪೂರ್ತಿ ಬಂತು.

"ಒಂದು ಕೂದಲೆಳೆ ಅಷ್ಟೇ ಕಣೇ ಪುಟ್ಟಿ. ಯಾರಿಗೂ ಗೊತ್ತಾಗಲ್ಲ ಅಂದ್ಕೊಂಡೆ. ನಿನಗೊಬ್ಬಳಿಗೇ ಅಲ್ಲ, ನಾನೂರು ಕ್ಯಾಸೆಟ್ಟು ಹಾಗೇ ತುಂಬಿ ಕೊಟ್ಟಿದ್ದೀನಿ. ಒಬ್ಬರೂ ಬಂದು ಕೇಳಲಿಲ್ಲ."

ಅವಳಿಗೆ ಆ ನಾನೂರರ ಗೊಡವೆ ಬೇಕಿರಲಿಲ್ಲ. "ಹಾಡಿನ ಕುತ್ತಿಗೆ ಕೊಯ್ಯಬಾರದು ಅಂತ ನೀನು ಹೀಗೆ ಮಾಡಿದೆ. ಅದರಿಂದ ನನ್ನ ಹಾಡು ಎರಡನೇ ಸಾಲಿಗೇ ನಿಂತೋಯ್ತು ಮಾವ. ಮೂವತ್ತೊಂಬತ್ತು ವರ್ಷ ಆಯ್ತು. ಶಾಲೇಲಿ ಎಲ್ಲರೂ ನಕ್ಕಾಗ ನಾನು ಅಳ್ತಾ ನಿನ್ನ ಅಂಗಡಿಗೇ ಬಂದಿದ್ದೆ, ನೆನಪಿದೆಯಾ? ಆವತ್ತು ಹೇಳಬಹುದಿತ್ತಲ್ಲ ನೀನು."

ಮಾವನಿಗೆ ನೆನಪಿತ್ತು. ಅಂದು ಅವಳಿಗೆ ಬಿಸ್ಕತ್ತು ಕೊಟ್ಟು ಸಮಾಧಾನ ಮಾಡಿದ್ದ, ನಿಜ ಹೇಳಿರಲಿಲ್ಲ. ಹೇಳಿದ್ದರೆ ಅಂಗಡಿಯ ಹೆಸರು ಹೋಗುತ್ತಿತ್ತು. ತನ್ನ ಮರ್ಯಾದೆ ಉಳಿಸಿಕೊಳ್ಳಲು ಒಂದು ಮಗುವಿನ ಮರ್ಯಾದೆ ಬಿಟ್ಟುಕೊಟ್ಟೆ ಎಂದು ಅವನಿಗೆ ಅವತ್ತೇ ಗೊತ್ತಿತ್ತು. ಮುದುಕ ಅತ್ತ. ಅವಳು ಅವನನ್ನು ಸಮಾಧಾನಪಡಿಸಲಿಲ್ಲ, ಅದೂ ನಿಜ. ಅಡುಗೆಮನೆಗೆ ಹೋಗಿ ಎರಡು ಲೋಟ ಚಹಾ ಮಾಡಿಕೊಂಡು ಬಂದು ಒಂದನ್ನು ಅವನ ಮುಂದಿಟ್ಟಳು.

"ಅತ್ತಿದ್ದು ಸಾಕು. ಏರಿಸಿದವನು ನೀನು, ಇಳಿಸೋನೂ ನೀನೇ. ಮೂರು ವಾರ ಇದೆ. ಹೇಗೆ ಹೇಳು."

ಮಾವ ಮೂಗು ಒರೆಸಿಕೊಂಡು ತಿರುಪನ್ನು ನೋಡಿದ. ಆಮೇಲೆ ಅವನ ಮುಖದಲ್ಲಿ ಹಳೆಯ ಅಂಗಡಿಯವನು ಎದ್ದು ಕೂತ. "ಒಂದೇ ಸಲ ಇಳಿದ್ರೆ ನಿನ್ನ ಗಂಟಲು ಕೇಳಲ್ಲ, ಹಳೇ ಜಾಗಕ್ಕೇ ಓಡುತ್ತೆ. ಆರು ಗೆರೆ ಇದೆ. ಮೂರು ದಿನಕ್ಕೊಂದು ಗೆರೆ. ಹದಿನೆಂಟು ದಿನಕ್ಕೆ ಸೊನ್ನೆ. ಇನ್ನು ಮೂರು ದಿನ ಸೊನ್ನೇಲೇ ಇರೋಣ."

ಮನೆಯಲ್ಲಿ ಇದನ್ನು ಹೇಳಿದಾಗ ಬಸ್ಸಿನ ಮೆಕ್ಯಾನಿಕ್ ಆಗಿದ್ದ ಅವಳ ಗಂಡ ತಟ್ಟೆಯಿಂದ ತಲೆ ಎತ್ತದೆ, "ಗಿಡವಾಗಿ ಬಗ್ಗದ್ದು ಮರವಾಗಿ ಬಗ್ಗೀತೇ?" ಎಂದ.

"ನಾನು ಗಿಡವಾಗಿದ್ದಾಗಲೇ ಬಗ್ಗಿದ್ದೆ ಕಣ್ರೀ, ತಪ್ಪು ಕಡೆಗೆ ಬಗ್ಗಿಸಿದ್ರು. ಮೂರು ವಾರ ಸಂಜೆ ಅಡುಗೆ ನಿಮ್ಮದು" ಎಂದಳು. ಗಂಡ ತಲೆ ಎತ್ತಿದ. ಅವಳ ಮುಖ ನೋಡಿ, ಬೇಳೆ ಡಬ್ಬಿ ಎಲ್ಲಿದೆ ಎಂದು ಕೇಳಿದ.

ಸಂಜೆ ಆರಕ್ಕೆ ಕಾರ್ಖಾನೆ ಬಿಟ್ಟರೆ ಆರೂಕಾಲಿಗೆ ಮಾವನ ಕೋಣೆ. ಅವನು ತಿರುಪನ್ನು ಗೆರೆಗೆ ಕೂರಿಸಿ ಎಂಟನೇ ಹಾಡಿನ ಮೇಲೆ ಮುಳ್ಳು ಇಳಿಸುತ್ತಿದ್ದ. ಅವಳು ಮೊದಲು ಕೇಳಬೇಕು, ಆಮೇಲೆ ಅದರ ಜೊತೆ ಹಾಡಬೇಕು, ಆಮೇಲೆ ಮುಳ್ಳು ಎತ್ತಿದ ಮೇಲೆ ಒಬ್ಬಳೇ ಗುನುಗಬೇಕು. ಅವಳು ಗುನುಗುತ್ತಿರುವಾಗ ಮಾವ ಮತ್ತೆ ಮುಳ್ಳು ಇಳಿಸಿ, ರೆಕಾರ್ಡಿಗೂ ಅವಳಿಗೂ ಕೂಡಿತೋ ಇಲ್ಲವೋ ನೋಡುತ್ತಿದ್ದ. ಕೂಡದಿದ್ದರೆ ಮೊದಲಿಂದ. ಅವಳಿಗೆ ದಾರಿ ತೋರಿಸಲೆಂದು ತಾನೂ ಜೊತೆಗೆ ಗುನುಗುತ್ತಿದ್ದ, ಒಡೆದ ಮಡಕೆಯಂಥ ದನಿಯಲ್ಲಿ.

ಮೊದಲ ಎರಡು ಗೆರೆ ಸಲೀಸಾಗಿ ಇಳಿದವು. ಮೂರನೆಯದರಲ್ಲಿ ಗಂಟಲು ಹಟ ಹಿಡಿಯಿತು. ಹಾಡು ಅತ್ತಲೂ ಅಲ್ಲ, ಇತ್ತಲೂ ಅಲ್ಲ. ಬೆಳಿಗ್ಗೆ ಕಾರ್ಖಾನೆಯಲ್ಲಿ ಅಭ್ಯಾಸಬಲದಿಂದ ಹಳೆಯ ಶ್ರುತಿಯಲ್ಲಿ ಹಾಡಿಬಿಡುತ್ತಿದ್ದಳು, ಸಂಜೆ ಮತ್ತೆ ಇಳಿಯಬೇಕು. ಹೊಲಿಯುವುದೂ ಅವಳೇ, ಬಿಚ್ಚುವುದೂ ಅವಳೇ. ಹತ್ತನೇ ದಿನ ಅವಳು ಕಾರ್ಖಾನೆಯಲ್ಲಿ ಬಾಯಿ ಹೊಲಿದುಕೊಂಡಳು. ಇಪ್ಪತ್ತೆರಡು ವರ್ಷದಲ್ಲಿ ಮೊದಲ ಸಲ ಕಾಜಾ ಮಷೀನಿನ ಕಡೆಯಿಂದ ಹಾಡಿಲ್ಲ. ಗುಂಡಿ ಹಚ್ಚುವವರಿಗೆ ಹೊತ್ತು ಗೊತ್ತಾಗದೆ ಊಟಕ್ಕೆ ಏಳುವುದೇ ಮರೆತುಹೋಯಿತು. ಇಸ್ತ್ರಿ ಅತ್ತೆ ಬಂದು ಹಣೆ ಮುಟ್ಟಿ ನೋಡಿದಳು. "ಜ್ವರ ಇಲ್ಲ ಅತ್ತೆ, ಕೆಲಸ ನಡೀತಿದೆ" ಎಂದಳು ಕಾಜಾ ಅಕ್ಕ.

ಹೀಗೆ ಇಳಿಯುತ್ತಿರುವಾಗ ಇನ್ನೊಂದು ಸಂಗತಿ ಅವಳ ಗಮನಕ್ಕೆ ಬಂತು. ಹಾಡಿನ ಹುಡುಗಿ ದಿನದಿನಕ್ಕೆ ದೊಡ್ಡವಳಾಗುತ್ತಿದ್ದಳು. ಆರನೇ ಗೆರೆಯಲ್ಲಿ ಕುಣಿದಾಡುತ್ತಿದ್ದವಳು ಮೂರಕ್ಕೆ ಬರುವಾಗ ನಡೆಯತೊಡಗಿದ್ದಳು, ಒಂದಕ್ಕೆ ಬರುವಾಗ ಎಲ್ಲೋ ಬಾಗಿಲ ಬಳಿ ನಿಂತು ಕಾಯುತ್ತಿದ್ದಳು. ಸೊನ್ನೆಗೆ ಬಂದ ದಿನ ಕಾಜಾ ಅಕ್ಕ ಇಸ್ತ್ರಿ ಅತ್ತೆಯನ್ನು ಮಾವನ ಮನೆಗೇ ಕರೆತಂದು ಕೇಳಿಸಿದಳು.

"ಈಗ ಸರಿಯಾಗಿದೆ ನೋಡು" ಎಂದಳು ಅತ್ತೆ. "ಇಷ್ಟು ವರ್ಷ ನೀನು ಹಾಡೋದು ಕೇಳಿದಾಗೆಲ್ಲ ನನಗೆ ಅನ್ನಿಸ್ತಿತ್ತು, ಇಂಥ ಮಾತನ್ನ ಇವಳು ಯಾಕೆ ಇಷ್ಟು ಖುಷಿಯಾಗಿ ಹಾಡ್ತಾಳೆ ಅಂತ. ಅವಳು ಹೇಳ್ತಿರೋದು, ನೀನು ಬರೋದು ತಡ ಆದ್ರೂ ಪರವಾಗಿಲ್ಲ, ನಾನು ಕೂದಲು ನೆರೆಯೋ ತನಕ ಇಲ್ಲೇ ಇರ್ತೀನಿ ಅಂತ."

ಕಾಜಾ ಅಕ್ಕ ತನ್ನ ನೆರೆತ ಕೂದಲನ್ನು ಕಿವಿಯ ಹಿಂದೆ ಸರಿಸಿಕೊಂಡಳು. ಹದಿಮೂರರಿಂದ ಹಾಡಿಕೊಂಡು ಬಂದ ಹಾಡು ಇದೀಗ ಅವಳ ವಯಸ್ಸಿನದಾಗಿತ್ತು. ಅವಳಿಗೆ ಸಂತೋಷವೂ ಆಯಿತು, ಆ ಚುರುಕಿನ ಹುಡುಗಿ ಹೋಗಿಬಿಟ್ಟಳಲ್ಲ ಎಂದು ದುಃಖವೂ ಆಯಿತು.

ಇಪ್ಪತ್ತೆರಡನೇ ದಿನ ಮೇಷ್ಟ್ರ ಮಹಡಿ. ನಾಲ್ಕು ಸುತ್ತು ಗುನುಗು, ಆಮೇಲೆ ಕೊಳಲು. ಗುಂಡಿ ಕಾಜಾದಲ್ಲಿ ಕೂತ ಹಾಗೆ ಕೂತಿತು. ಮೇಷ್ಟ್ರು ಪಿಟೀಲು ಮಡಿಲಲ್ಲಿಟ್ಟು, "ಹಾಡು ನಿಮ್ಮದು" ಎಂದರು. ಡ್ರಮ್ಮಿನವನು ತನ್ನ ಕೋಲನ್ನು ಬಹಳ ಶ್ರದ್ಧೆಯಿಂದ ಒರೆಸುತ್ತಿದ್ದ. ಇಲ್ಲಿಗೆ ಕಥೆ ಮುಗಿಯಬೇಕಿತ್ತು. ಆದರೆ ಮಾವನ ನಾನೂರು ಕ್ಯಾಸೆಟ್ಟುಗಳನ್ನು ಎಲ್ಲರೂ ಮರೆತಿದ್ದರು.

ಭಾನುವಾರ ಮಧ್ಯಾಹ್ನ ಪುರಭವನ ತುಂಬಿತ್ತು. ಬಂದವರಲ್ಲಿ ಮುಕ್ಕಾಲು ಪಾಲು ಐವತ್ತು ದಾಟಿದವರು, ಒಂದು ಕಾಲದಲ್ಲಿ ಬಸ್ ನಿಲ್ದಾಣದ ಎದುರಿನ ಅಂಗಡಿಗೆ ಚೀಟಿ ಬರೆದು ಕೊಟ್ಟವರು. ಮೊದಲ ಏಳು ಹಾಡಿಗೆ ವಾದ್ಯಗಳೇ ಮೊದಲು ಶುರುವಾಗುತ್ತಿದ್ದವು, ಹಾಗಾಗಿ ಜನ ಸುಮ್ಮನೆ ಅವುಗಳ ಹಿಂದೆ ಹೋದರು. ನಿಧಾನ ಆಯಿತು ಎಂದು ಅಲ್ಲಲ್ಲಿ ಗೊಣಗಿದ್ದೂ ಉಂಟು. ಎಂಟನೆಯದಕ್ಕೆ ಕಾಜಾ ಅಕ್ಕ ಮೈಕಿನ ಮುಂದೆ ಬಂದು ನಿಂತಳು. ಮೇಷ್ಟ್ರು ಕೀಬೋರ್ಡಿನಲ್ಲಿ ಶ್ರುತಿಯ ಮನೆಯನ್ನು ಮೆಲ್ಲಗೆ ಒತ್ತಿದರು. ಅವಳು ಉಸಿರೆಳೆದುಕೊಂಡಳು.

ಅವಳು ಬಾಯಿ ತೆರೆಯುವ ಮೊದಲೇ ಹಿಂದಿನ ಸಾಲಿನಿಂದ ಯಾರೋ ಗುನುಗತೊಡಗಿದರು. ಪಕ್ಕದವರು ಸೇರಿಕೊಂಡರು, ಅವರ ಮುಂದಿನವರು ಸೇರಿಕೊಂಡರು. ಕ್ಷಣ ಮಾತ್ರದಲ್ಲಿ ಮುನ್ನೂರು ಗಂಟಲು. ಎಲ್ಲರದೂ ಒಂದೇ ಜಾಗ, ಆರನೇ ಗೆರೆ.

ಮೇಷ್ಟ್ರ ಮುಖ ಬಿಳಿಚಿತು. ಕೊಳಲಿನವನು ಕೊಳಲನ್ನು ತುಟಿಯಿಂದ ದೂರ ಹಿಡಿದ. ನಾಲ್ಕು ಸುತ್ತು ಮುಗಿದ ಮೇಲೆ ಅವನು ನುಡಿಸಲೇಬೇಕು, ನುಡಿಸಿದರೆ ಸಭೆಗೆ ಸಭೆಯೇ ಹಲ್ಲು ಕಚ್ಚಬೇಕು. ಕಾಜಾ ಅಕ್ಕನಿಗೆ ಎಲ್ಲ ಅರ್ಥವಾಯಿತು. ಆ ಶ್ರುತಿ ಅವಳ ಕಾಲ ಕೆಳಗಿನ ನೆಲವನ್ನೇ ಎಳೆಯುತ್ತಿತ್ತು. ಅದು ಅವಳ ಹದಿಮೂರನೇ ವಯಸ್ಸು, ಅವಳ ಕಾರ್ಖಾನೆ, ಬಾಗಿಲು ಮುಚ್ಚಿ ಹಾಡಿದ ಅವಳ ತೊಟ್ಟಿಲು. ಒಂದು ಹೆಜ್ಜೆ ಇಟ್ಟರೆ ಸಾಕು, ಮುನ್ನೂರು ಜನರ ಮಧ್ಯೆ ಹಾಯಾಗಿ ಹೋಗಿ ಕೂರಬಹುದು. ಯಾರೂ ಅವಳನ್ನು ತಪ್ಪು ಅನ್ನುತ್ತಿರಲಿಲ್ಲ.

ಅವಳು ಅರ್ಧ ಸ್ವರ ಕೆಳಗೆ ಹಿಡಿದಳು.

ಕಲ್ಲು ಸಿಕ್ಕಿತು. ಮೂವತ್ತೊಂಬತ್ತು ವರ್ಷದ ಹಿಂದೆ ಸಿಕ್ಕಿದ ಹಾಗೆಯೇ, ಅಷ್ಟೇ ಕೆಟ್ಟದಾಗಿ. ಎಡಗಡೆಯಿಂದ ಯಾರೋ ನಕ್ಕರು. ಅಪಸ್ವರ ಎಂದು ಯಾರೋ ಜೋರಾಗಿಯೇ ಹೇಳಿದರು. ಅವಳ ಗಂಟಲು ನಡುಗಲಿಲ್ಲ. ಹದಿನೆಂಟು ಸಂಜೆ ಗೆರೆ ಗೆರೆಯಾಗಿ ಇಳಿದು ಬಂದ ಗಂಟಲು ಅದು. ಕಣ್ಣು ಬಿಟ್ಟು ಸಭೆಯನ್ನು ನೋಡುತ್ತ ಎರಡನೇ ಸುತ್ತು ಹಿಡಿದಳು.

ಆಗ ಅವಳಿಗೆ ತನ್ನದಲ್ಲದ ಇನ್ನೊಂದು ದನಿ ಕೇಳಿಸಿತು, ಸರಿಯಾಗಿ ಅವಳದೇ ಶ್ರುತಿಯಲ್ಲಿ. ಎರಡನೇ ಸಾಲಿನ ಅಂಚಿನಲ್ಲಿ ಮಾವ ಎದ್ದು ನಿಂತಿದ್ದ. ಅವಳ ಜೊತೆ ಅವನೂ ಇಪ್ಪತ್ತೊಂದು ದಿನ ಇಳಿದು ಬಂದವನಲ್ಲವೇ, ಆ ಮುನ್ನೂರು ಜನರಲ್ಲಿ ಶ್ರುತಿ ಗೊತ್ತಿದ್ದ ಒಬ್ಬನೇ ಒಬ್ಬ ಅವನು. ಸಭೆಯ ಕಡೆ ತಿರುಗಿ, ಒಡೆದ ಮಡಕೆಯ ದನಿಯಲ್ಲಿ ಗುನುಗುತ್ತ, ಊರುಗೋಲನ್ನು ಕಂಕುಳಲ್ಲಿಟ್ಟುಕೊಂಡು, ಬಲಗೈಯ ಎರಡು ಬೆರಳಲ್ಲಿ ಇಲ್ಲದ ತಿರುಪೊಂದನ್ನು ಹಿಂದಕ್ಕೆ ತಿರುಗಿಸುತ್ತಿದ್ದ. ಇಳಿಸಿ, ಇಳಿಸಿ. ಹಳೆಯ ಗಿರಾಕಿಗಳು ಅವನ ಗುರುತು ಹಿಡಿದರು. ಮೊದಲ ಸಾಲು ಗಲಿಬಿಲಿಯಾಗಿ ನಿಂತಿತು, ಆಮೇಲೆ ಕೆಳಗೆ ಬಂತು. ಅದರ ಹಿಂದಿನದು ಬಂತು. ಮೂರನೇ ಸುತ್ತಿಗೆ ಅರ್ಧ ಸಭೆ, ನಾಲ್ಕನೆಯದು ಮುಗಿಯುವಾಗ ಒಂದು ಕಲ್ಲೂ ಉಳಿದಿರಲಿಲ್ಲ. ಕೊಳಲು ಒಳಗೆ ಬಂತು.

ಹಾಡಿನ ಎರಡನೇ ಸಾಲು ಬಂತು. ಶಾಲೆಯಲ್ಲಿ ಟೀಚರ ಕೈ ಮೇಲೆದ್ದ ಜಾಗ ಅದು. ಯಾರ ಕೈಯೂ ಏಳಲಿಲ್ಲ. ಅವಳು ಅದನ್ನು ದಾಟಿದಳು, ಮೊದಲ ಚರಣ ದಾಟಿದಳು, ಎರಡನೆಯದನ್ನು ದಾಟಿದಳು. ಕೂದಲು ನೆರೆಯುವ ತನಕ ಇಲ್ಲೇ ಇರುತ್ತೇನೆ ಎಂಬ ಸಾಲನ್ನು ಆತುರವಿಲ್ಲದೆ, ಅದಕ್ಕೆ ಸಲ್ಲಬೇಕಾದಷ್ಟು ಹೊತ್ತು ಕೊಟ್ಟು ಹಾಡಿದಳು. ಮುಂದಿನ ಸಾಲಿನಲ್ಲಿದ್ದ ಅವಳ ಗಂಡ ಅಂಗಿಯ ತೋಳಿನಿಂದ ಕಣ್ಣೊರೆಸಿಕೊಂಡು, ಯಾರಾದರೂ ನೋಡಿದರೋ ಎಂದು ಆಚೀಚೆ ನೋಡಿದ. ಪಲ್ಲವಿಗೆ ಮರಳಿ ಕೊನೆಯ ಸ್ವರವನ್ನು ಅವಳು ಉಸಿರು ತೀರುವ ತನಕ ಹಿಡಿದು, ತಾನಾಗಿ ಆರಲು ಬಿಟ್ಟಳು.

ಜನ ಚಪ್ಪಾಳೆ ತಟ್ಟಲು ಒಂದು ಗಳಿಗೆ ತಡವಾಯಿತು. ಆ ಗಳಿಗೆಯಲ್ಲಿ, ಇನ್ನೂ ನಿಂತೇ ಇದ್ದ ಮಾವ ಹೇಳಿದ್ದು ಅವಳಿಗೆ ಮೈಕಿನ ತನಕ ಕೇಳಿಸಿತು.

"ಪೂರ್ತಿ ಬಂತು, ಪುಟ್ಟಿ" ಎಂದ ಅವನು, ಮತ್ತೆ ಕುರ್ಚಿಯಲ್ಲಿ ಕೂತ.